ತೊಂಬತ್ತು ದಾಟಿದ ಮೇಲೆ ಗಂಗೆಗೆ ಸೇತುವೆ ಜಾಗ ತೋರಿಸಿದ ಸರ್ ಎಂ.ವಿ.

ರಟ್ಟೀಹಳ್ಳಿ: ಸಿಗಂದೂರು ಚೌಡೇಶ್ವರಿಗೆ ನಡೆದುಕೊಳ್ಳೋ ಮನೆಗಳು ನಮ್ಮ ತಾಲೂಕಿನಲ್ಲಿ ಬೇಕಾದಷ್ಟಿವೆ. ಶರಾವತಿ ಹಿನ್ನೀರಿನ ದಡದಲ್ಲಿ ಲಾಂಚ್‌ಗಾಗಿ ಗಂಟೆಗಟ್ಟಲೆ ಕಾದದ್ದು ಅವರಿಗೆಲ್ಲ ನೆನಪಿದ್ದೇ ಇರುತ್ತೆ. 2025ರ ಜುಲೈನಲ್ಲಿ ಅಲ್ಲಿ ಸುಮಾರು ಎರಡೂವರೆ ಕಿ.ಮೀ. ಉದ್ದದ ಸೇತುವೆ ಶುರುವಾಯ್ತು, ಕಾಯೋದು ತಪ್ಪಿತು. ಇಂಥದ್ದೇ ಒಂದು ಕಾಯುವಿಕೆಯನ್ನು ಬಿಹಾರದ ಅರ್ಧ ರಾಜ್ಯ 1959ರವರೆಗೆ ಅನುಭವಿಸಿತ್ತು. ಅದನ್ನು ತಪ್ಪಿಸಿದ ಸೇತುವೆಗೆ ಜಾಗ ಗುರುತಿಸಿಕೊಟ್ಟವರು ಸರ್ ಎಂ. ವಿಶ್ವೇಶ್ವರಯ್ಯ. ಆಗ ಅವರ ವಯಸ್ಸು ತೊಂಬತ್ತರ ಮೇಲೆ.

ವಿಶ್ವೇಶ್ವರಯ್ಯ ಅಂದ್ರೆ ಕನ್ನಂಬಾಡಿ ಕಟ್ಟೆ, ಮೈಸೂರು ಬ್ಯಾಂಕು, ಭದ್ರಾವತಿ ಕಾರ್ಖಾನೆ. ಸೆಪ್ಟೆಂಬರ್ 15ಕ್ಕೆ ಶಾಲೆಗಳಲ್ಲಿ ನಡೆಯೋ ಭಾಷಣಗಳೂ ಅಲ್ಲಿಗೇ ಮುಗಿಯುತ್ತವೆ. ಮೈಸೂರಿಗೆ ಬರೋದಕ್ಕೆ ಮೊದಲು ಅವರು ಸುಮಾರು 25 ವರ್ಷ ದುಡಿದದ್ದು ಬೊಂಬಾಯಿ ಸರ್ಕಾರದಲ್ಲಿ ಅನ್ನೋದು ಅಷ್ಟಾಗಿ ಚಾಲ್ತಿಗೆ ಬಂದಿಲ್ಲ. ಆಗ ರಟ್ಟೀಹಳ್ಳಿ ಇದ್ದದ್ದೂ ಅದೇ ಬೊಂಬಾಯಿ ಪ್ರಾಂತ್ಯದ ಧಾರವಾಡ ಜಿಲ್ಲೆಯ ಕೋಡ ತಾಲೂಕಿನಲ್ಲಿ. ಹಾಗೆ ನೋಡಿದರೆ ಅವರು ಮೈಸೂರಿನ ದಿವಾನರಾಗೋ ಮೊದಲು ನಮ್ಮ ಕಡೆಯ ಸರ್ಕಾರದ ಇಂಜಿನಿಯರ್. ಧಾರವಾಡ, ಬಿಜಾಪುರ ಪಟ್ಟಣಗಳ ಕುಡಿಯುವ ನೀರಿನ ಯೋಜನೆಗಳಲ್ಲೂ ಅವರ ಕೈ ಇದೆ.

ಹುಟ್ಟಿದ್ದು 1861ರಲ್ಲಿ, ಚಿಕ್ಕಬಳ್ಳಾಪುರದ ಹತ್ತಿರದ ಮುದ್ದೇನಹಳ್ಳಿ. ತಂದೆ ಬೇಗ ತೀರಿಕೊಂಡರು. ಬೆಂಗಳೂರಿನಲ್ಲಿ ಮನೆಪಾಠ ಹೇಳಿ ಓದಿದ ಹುಡುಗ ಮೈಸೂರು ಸರ್ಕಾರದ ವಿದ್ಯಾರ್ಥಿವೇತನದ ಮೇಲೆ ಪುಣೆಗೆ ಹೋಗಿ, 1883ರಲ್ಲಿ ಇಂಜಿನಿಯರಿಂಗ್ ಪರೀಕ್ಷೆಯಲ್ಲಿ ಮೊದಲಿಗನಾದ. ಮರುವರ್ಷ ಬೊಂಬಾಯಿ ಲೋಕೋಪಯೋಗಿ ಇಲಾಖೆಯಲ್ಲಿ ಸಹಾಯಕ ಇಂಜಿನಿಯರ್ ಕೆಲಸ ಸಿಕ್ಕಿತು.

ಹೊಸದರಲ್ಲೇ ನದಿ ಅವರಿಗೆ ಪಾಠ ಕಲಿಸಿತು. ಖಾನದೇಶದ ಪಂಜ್ರಾ ನದಿ ಸೀಮೆಯಲ್ಲಿ ಹಳ್ಳದ ತಳದಡಿ ಪೈಪು ಹಾಯಿಸಿ, ಈ ದಡದ ನೀರನ್ನು ಆ ದಡಕ್ಕೆ ದಾಟಿಸೋ ಕೆಲಸ ಅದು. ಮಳೆಗಾಲ ಬಂತು. ತೋಡಿದ ಕಾಲುವೆಯಲ್ಲಿ ಪ್ರವಾಹ ಮತ್ತೆ ಮತ್ತೆ ಮರಳು ತುಂಬಿ ಹೋಗುತ್ತಿತ್ತು. ಮಳೆ ನಿಂತ ಮೇಲೆ ಮುಂದುವರಿಸೋಣವೇ ಎಂದು ಮೇಲಧಿಕಾರಿಗೆ ಬರೆದರೆ, ಹೊಸಬನಿಗೆ ಶಿಸ್ತಿಲ್ಲ ಅನ್ನೋ ಅರ್ಥದ ಉತ್ತರ ಬಂತು. ಎಂ.ವಿ. ವಾದಕ್ಕೆ ಹೋಗಲಿಲ್ಲ, ಅದೇ ಮಳೆಯಲ್ಲಿ ಕೆಲಸ ಮುಗಿಸಿದರು. ಮರಳು ಹೊರುವ ನದಿ ಮನುಷ್ಯನ ಲೆಕ್ಕ ಕೇಳೋದಿಲ್ಲ ಅನ್ನೋದು ಇಪ್ಪತ್ತೈದರೊಳಗೇ ಅವರಿಗೆ ಗೊತ್ತಾಗಿತ್ತು.

1894ರಲ್ಲಿ ಸಿಂಧ್‌ಗೆ, ಸುಕ್ಕೂರಿಗೆ ಕಳಿಸಿದರು. ಸಿಂಧೂ ನದಿಗೆ ಅಡ್ಡಲಾಗಿ ಲ್ಯಾನ್ಸ್‌ಡೌನ್ ಉಕ್ಕಿನ ಸೇತುವೆ ನಿಂತು ಆಗ ಐದೇ ವರ್ಷ. ಊರಿಗೆ ಶುದ್ಧ ನೀರು ಬೇಕು, ನದಿ ನೀರು ಕೆಸರು, ಶೋಧಕ ಕಟ್ಟೋಣವೆಂದರೆ ಮುನ್ಸಿಪಾಲಿಟಿ ಬಳಿ ದುಡ್ಡಿಲ್ಲ. ಎಂ.ವಿ. ನದಿಯ ಪಾತ್ರದಲ್ಲೇ ಬಾವಿ ತೋಡಿಸಿದರು. ಮರಳಿನ ಮೂಲಕ ಇಂಗಿ ಬಂದ ನೀರು ತಾನೇ ಸೋಸಿಕೊಂಡು ತಿಳಿಯಾಯ್ತು. ಆಮೇಲೆ ಪುಣೆಯ ಖಡಕವಾಸ್ಲಾದಲ್ಲಿ ತಾನಾಗಿ ತೆರೆದು ತಾನಾಗಿ ಮುಚ್ಚುವ ಗೇಟುಗಳನ್ನು ಕೂರಿಸಿ, ಹೊಸ ಕಟ್ಟಡವಿಲ್ಲದೆ ಕೆರೆಯ ನೀರನ್ನು 8 ಅಡಿ ಏರಿಸಿದರು. ಆ ಗೇಟಿನ ಪೇಟೆಂಟ್ ಅವರದ್ದೇ, ಆದರೆ ಅದರಿಂದ ಗೌರವಧನ ಮುಟ್ಟಲಿಲ್ಲ. 1908ರಲ್ಲಿ ಮೂಸಿ ನದಿ ಹೈದರಾಬಾದನ್ನು ಮುಳುಗಿಸಿದಾಗಲೂ ಅವರನ್ನೇ ಕರೆದರು. 1909ರಲ್ಲಿ ಮೈಸೂರಿನ ಮುಖ್ಯ ಇಂಜಿನಿಯರ್, 1912ರಿಂದ ಆರು ವರ್ಷ ದಿವಾನರು. ಆ ಕಥೆ ಎಲ್ಲರಿಗೂ ಗೊತ್ತು, ಇಲ್ಲಿ ಬೇಡ.

ಇನ್ನು ಬಿಹಾರಕ್ಕೆ ಬರೋಣ. ಗಂಗೆ ಆ ರಾಜ್ಯವನ್ನು ಉತ್ತರ, ದಕ್ಷಿಣ ಎಂದು ಸೀಳಿ ಹರಿಯುತ್ತಾಳೆ. ಸ್ವಾತಂತ್ರ್ಯ ಬಂದಾಗ ಇಡೀ ಬಿಹಾರದಲ್ಲಿ ಗಂಗೆಯ ಮೇಲೆ ಒಂದೂ ಸೇತುವೆ ಇರಲಿಲ್ಲ. ದಕ್ಷಿಣ ದಡದ ಮೊಕಾಮಾ ಘಾಟ್‌ಗೆ ಬ್ರಾಡ್ ಗೇಜ್ ರೈಲು ಬಂದು ನಿಲ್ಲೋದು, ಎದುರಿನ ಸಿಮರಿಯಾ ಘಾಟ್‌ನಿಂದ ಮೀಟರ್ ಗೇಜ್ ಹೊರಡೋದು. ನಡುವೆ ಹಡಗು. ಹುಬ್ಬಳ್ಳಿ ಲೈನಿನ ಹಳೇ ಮೀಟರ್ ಗೇಜ್ ಗಾಡಿ ಹತ್ತಿದವರಿಗೆ ಈ ತಾಪತ್ರಯ ಅರ್ಥವಾದೀತು. ಬ್ಯಾಡಗಿ ಮೆಣಸಿನಕಾಯಿ ಚೀಲಗಳನ್ನೆಲ್ಲ ತುಂಗಭದ್ರೆಯ ದಡದಲ್ಲಿ ಇಳಿಸಿ, ದೋಣಿಗೆ ಹಾಕಿ, ಹರಿಹರದಲ್ಲಿ ಮತ್ತೆ ಬೇರೆ ಗಾಡಿಗೆ ಏರಿಸಬೇಕು ಅಂದುಕೊಳ್ಳಿ. ಚೀಲಕ್ಕೆ ಎಷ್ಟು ಹಮಾಲಿ, ಎಷ್ಟು ದಿನ ತಡ, ಎಷ್ಟು ಸೋರಿಕೆ! ಹುಲಿ ಬೇಟೆಗೆ ಹೆಸರಾದ ಜಿಮ್ ಕಾರ್ಬೆಟ್ ಸುಮಾರು ಇಪ್ಪತ್ತು ವರ್ಷ ಇದೇ ಮೊಕಾಮಾ ಘಾಟ್‌ನಲ್ಲಿ ಹಮಾಲರ ತಂಡ ಕಟ್ಟಿಕೊಂಡು ಸರಕು ದಾಟಿಸೋ ಕೆಲಸ ಮಾಡಿದವರು.

ಸೇತುವೆ ಬೇಕು ಅನ್ನೋದಕ್ಕೆ ತಕರಾರಿರಲಿಲ್ಲ. ತಕರಾರು ಇದ್ದದ್ದು ಎಲ್ಲಿ ಅನ್ನೋದರಲ್ಲಿ. ಒಂದೊಂದು ಕಡೆಯವರು ತಮ್ಮ ಊರಿನ ಹತ್ತಿರವೇ ಆಗಲಿ ಎಂದು ಎಳೆಯುತ್ತಿದ್ದರು. ಕುಮುದ್ವತಿ ದಡದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹೀಗಾಗಿ ಯಾರ ಕಡೆಗೂ ವಾಲದ, ಯಾರ ಓಟೂ ಬೇಡದ, ನದಿ ಬಲ್ಲ ಒಬ್ಬರು ಬೇಕಾಗಿತ್ತು. 1952ರ ಹೊತ್ತಿಗೆ ಕೇಂದ್ರ ಸರ್ಕಾರ ಆ ಹೊಣೆಯನ್ನು ವಿಶ್ವೇಶ್ವರಯ್ಯನವರಿಗೆ ಕೊಟ್ಟಿತು. ಅವರು ಬೆಂಗಳೂರಿನಲ್ಲಿ ಕೂತು ನಕ್ಷೆ ನೋಡಿ ಸಹಿ ಹಾಕಬಹುದಿತ್ತು, ಆ ವಯಸ್ಸಿಗೆ ಯಾರೂ ತಪ್ಪು ಹೇಳುತ್ತಿರಲಿಲ್ಲ. ಆದರೆ ಖುದ್ದು ಬಿಹಾರಕ್ಕೆ ಹೋಗಿ ದಡಗಳನ್ನು ನೋಡಿ ವರದಿ ಕೊಟ್ಟರು. ಮೊಕಾಮಾ ಎಂದು ತೀರ್ಮಾನವಾಯ್ತು.

ಜಾಗದ ಆಯ್ಕೆ ಯಾಕೆ ಇಷ್ಟು ಮುಖ್ಯ? ಗಂಗೆಯ ತಳದಲ್ಲಿ ಬಂಡೆ ಕೈಗೆ ಸಿಗೋದಿಲ್ಲ. ಎಷ್ಟು ಆಳಕ್ಕೆ ಹೋದರೂ ಮರಳು, ಗೋಡು ಮಣ್ಣು. ಮೇಲಾಗಿ ಆಕೆ ಹಾದಿ ಬದಲಿಸುವವಳು. ಇವತ್ತು ಇಲ್ಲಿ ಹರಿದ ನೀರು ಕೆಲವು ವರ್ಷದಲ್ಲಿ ಕಿ.ಮೀ.ಗಟ್ಟಲೆ ಆಚೆ ಸರಿದರೆ ಸೇತುವೆ ಒಣ ಮರಳಿನ ಮೇಲೆ ನಿಲ್ಲುತ್ತೆ, ನದಿ ಪಕ್ಕದಲ್ಲಿ ಹರಿಯುತ್ತೆ. ಹಾಗಾಗಿ ದಡ ಗಟ್ಟಿಯಿದ್ದು ನದಿ ಅಂಕೆಯಲ್ಲಿ ಹರಿಯೋ ಕಡೆ ಹುಡುಕಬೇಕು. ಅಗಲವೂ ಕಡಿಮೆ ಇರಬೇಕು. ಮೊಕಾಮಾದಲ್ಲಿ ಸುಮಾರು ಎರಡು ಕಿ.ಮೀ. ಸೇತುವೆಗೆ ಕೆಲಸ ಮುಗಿಯಿತು. ಅಲ್ಲಿಂದ 90 ಕಿ.ಮೀ. ದೂರದ ಪಾಟ್ನಾದಲ್ಲಿ 1982ರಲ್ಲಿ ಗಾಂಧಿ ಸೇತು ಕಟ್ಟಿದಾಗ ಐದೂವರೆ ಕಿ.ಮೀ. ಬೇಕಾಯ್ತು. ಅದೂ ಅಲ್ಲದೆ ಮೊಕಾಮಾದ ಎರಡೂ ದಡಕ್ಕೆ ರೈಲು ಹಳಿ ಮೊದಲೇ ಬಂದಿತ್ತು.

ಸಮುದ್ರ ದಾಟುವ ರಾಮೇಶ್ವರದ ಪಂಬನ್ ಸೇತುವೆಯೂ (1914) ಹೆಚ್ಚುಕಡಿಮೆ ಇಷ್ಟೇ ಉದ್ದ. ಅಲ್ಲಿ ಆಳ ಕಡಿಮೆ, ತಳದಲ್ಲಿ ಕಲ್ಲು. ಅದಕ್ಕೇ ನೂರಾ ನಲವತ್ತಕ್ಕೂ ಹೆಚ್ಚು ಕಂಬ ಒತ್ತೊತ್ತಾಗಿ ನಿಲ್ಲಿಸಿ 40 ಅಡಿಗೊಂದು ತೊಲೆ ಹಾಕಿದರು. ಗಂಗೆಯಲ್ಲಿ ಒಂದೊಂದು ಕಂಬಕ್ಕೂ ತಳ ಹುಡುಕೋದೇ ದೊಡ್ಡ ಖರ್ಚು. ಹಾಗಾಗಿ ಕಂಬ ಕಡಿಮೆ ಮಾಡಿ, ನಡುವಿನ ಉಕ್ಕಿನ ತೊಲೆಗಳನ್ನು ಉದ್ದ ಮಾಡಬೇಕಾಯ್ತು.

ಇಂಥ ತಳಕ್ಕೆ ಇಳಿಸೋದು ಬಾವಿ ಅಡಿಪಾಯ. ಹೊಲದಲ್ಲಿ ರಿಂಗ್ ಬಾವಿ ಇಳಿಸಿದವರಿಗೆ ಇದು ಸುಲಭವಾಗಿ ತಿಳಿಯುತ್ತೆ. ದೊಡ್ಡ ಕಾಂಕ್ರೀಟ್ ಬಾವಿಯ ಗೋಡೆ ಕಟ್ಟಿ, ಅದರ ತುದಿಗೆ ಚೂಪಾದ ಉಕ್ಕಿನ ಅಂಚು ಕೂರಿಸಿ, ಒಳಗಿನ ಮರಳನ್ನು ಯಂತ್ರದಿಂದ ಬಗೆದು ತೆಗೆಯುತ್ತಾರೆ. ಬಾವಿ ತನ್ನ ಭಾರಕ್ಕೆ ತಾನೇ ಕುಸಿಯುತ್ತಾ ಇಳಿಯುತ್ತೆ, ಇಳಿದಷ್ಟೂ ಮೇಲೆ ಗೋಡೆ ಏರಿಸುತ್ತಾರೆ. ಒಂದು ಕಡೆ ಹೆಚ್ಚು ಬಗೆದರೆ ವಾಲಿತು ಅಂತಲೇ ಲೆಕ್ಕ. ಪ್ರವಾಹದಲ್ಲಿ ನೀರು ಕೊರೆದು ಹಾಕೋ ಆಳಕ್ಕಿಂತ ಕೆಳಗೆ ಹೋದ ಮೇಲೆ ತಳಕ್ಕೆ ಕಾಂಕ್ರೀಟ್ ಬಿರಡೆ ಹಾಕಿ, ಒಳಗೆ ಮರಳು ತುಂಬಿ, ಮೇಲೆ ಮುಚ್ಚಿ ಕಂಬ ಎಬ್ಬಿಸುತ್ತಾರೆ. ಮಳೆಗಾಲದಲ್ಲಿ ನದಿ ಈ ಕೆಲಸಕ್ಕೆ ಎಡೆ ಕೊಡೋದಿಲ್ಲ.

1956ರ ಫೆಬ್ರವರಿಯಲ್ಲಿ ರಾಷ್ಟ್ರಪತಿ ರಾಜೇಂದ್ರ ಪ್ರಸಾದ್ ಅಡಿಗಲ್ಲು ಹಾಕಿದರು. 1959ರ ಮೇ ತಿಂಗಳಲ್ಲಿ ಪ್ರಧಾನಿ ನೆಹರು ಉದ್ಘಾಟಿಸಿದರು. ಕೆಳಗೆ ರೈಲು, ಮೇಲೆ ರಸ್ತೆ. ಅದಕ್ಕೆ ರಾಜೇಂದ್ರ ಸೇತು ಎಂದು ಹೆಸರಾಯ್ತು. ಜಾಗ ತೋರಿಸಿದವರ ಹೆಸರು ಸೇತುವೆಗೆ ಬರಲಿಲ್ಲ, ಬರಬೇಕಾಗಿತ್ತು ಅನ್ನೋದು ಬೇರೆ ಮಾತು. ಅಷ್ಟರಲ್ಲಿ, 1955ರಲ್ಲಿ ಅವರಿಗೆ ಭಾರತರತ್ನ ಬಂದಿತ್ತು. ಸೇತುವೆಯಿಂದಾಗಿ ಉತ್ತರ ದಡದ ಬರೌನಿ ನೋಡನೋಡುತ್ತಾ ಕಾರ್ಖಾನೆಗಳ ಊರಾಯ್ತು, 1964ರಲ್ಲಿ ಅಲ್ಲಿ ತೈಲ ಶುದ್ಧೀಕರಣ ಘಟಕ ಶುರುವಾಯ್ತು. ಎಂ.ವಿ. ಅದನ್ನು ನೋಡಲಿಲ್ಲ. ನೂರು ವರ್ಷ ತುಂಬಿದ ಮೇಲೆ 1962ರ ಏಪ್ರಿಲ್‌ನಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು, ಮಣ್ಣಾದದ್ದು ಹುಟ್ಟೂರು ಮುದ್ದೇನಹಳ್ಳಿಯಲ್ಲಿ.

ಸೇತುವೆಗೂ ವಯಸ್ಸಾಯ್ತು. ಈಚಿನ ವರ್ಷಗಳಲ್ಲಿ ಅದರ ಮೇಲೆ ಭಾರದ ಲಾರಿ ಬಿಡದೆ, ಲಾರಿಯವರು ನೂರು ಕಿ.ಮೀ.ಗೂ ಹೆಚ್ಚು ಸುತ್ತು ಹಾಕುತ್ತಿದ್ದರು. 2025ರ ಆಗಸ್ಟ್‌ನಲ್ಲಿ ಆರು ಪಥದ ಹೊಸ ಸೇತುವೆ ತೆರೆದಿದೆ. ಅದನ್ನು ಕಟ್ಟಿರೋದು ಹಳೇ ಸೇತುವೆಯ ಪಕ್ಕದಲ್ಲೇ.