ಜಾನ್ ಕ್ಯಾಲ್‌ಹೂನ್: ದೇಶದ ಕಾಯಿದೆಯನ್ನು ಶೂನ್ಯವೆಂದು ಸಾರಿದ ಮುಂದಾಳು

ಕೇಂದ್ರ ಸರಕಾರವು ಮಾಡಿದ ಕಾಯಿದೆಯು ತನಗೆ ಒಪ್ಪಿಗೆಯಿಲ್ಲವೆಂದು ಒಂದು ರಾಜ್ಯವು ಹೇಳಬಹುದೆ? ಧಾರಾಳವಾಗಿ ಹೇಳಬಹುದು. ಆದರೆ ಆ ಕಾಯಿದೆಯು ತನ್ನ ಗಡಿಯೊಳಗೆ ನಡೆಯತಕ್ಕದ್ದಲ್ಲ, ಅದನ್ನು ಜಾರಿಗೆ ತರಬಂದ ಅಧಿಕಾರಿಗೆ ತನ್ನ ನೆಲದಲ್ಲಿ ಅಧಿಕಾರವೇ ಇಲ್ಲ ಎಂದು ಸಾರಬಹುದೆ? ಒಕ್ಕೂಟವಾಗಿ ಬಾಳುವ ದೇಶಗಳಲ್ಲೆಲ್ಲ ಎಂದಾದರೊಮ್ಮೆ ತಲೆಯೆತ್ತುವ ಈ ಪ್ರಶ್ನೆಯನ್ನು ಒಂದು ಶಾಸ್ತ್ರದಂತೆ ಬೆಳೆಸಿದವನು ಅಮೆರಿಕದ ಸೌತ್ ಕ್ಯಾರೊಲೈನಾ ರಾಜ್ಯದ ಜಾನ್ ಕ್ಯಾಲ್ಡ್‌ವೆಲ್ ಕ್ಯಾಲ್‌ಹೂನ್. ಅವನ ವಾದವನ್ನು ಆ ದೇಶದಲ್ಲಿ ನಲ್ಲಿಫಿಕೇಶನ್ ಎನ್ನುತ್ತಾರೆ; ನಾವು ಶೂನ್ಯವಾದ ಎನ್ನೋಣ. ಅವನ ಜೀವನವನ್ನು ಇಂದು ವಾಚಕರ ಮುಂದಿಡುತ್ತಿದ್ದೇವೆ.

ಕ್ಯಾಲ್‌ಹೂನ್ ಹುಟ್ಟಿದ್ದು ೧೭೮೨ನೆಯ ಇಸವಿ ಮಾರ್ಚ್ ೧೮ರಂದು, ಸಮುದ್ರತೀರದಿಂದ ಬಹುದೂರದ ಒಳನಾಡಿನಲ್ಲಿ. ತಂದೆ ಪ್ಯಾಟ್ರಿಕ್ ಐರ್ಲೆಂಡಿನಿಂದ ವಲಸೆ ಬಂದವನು. ಕಾಡು ಕಡಿದು ಹೊಲ ಮಾಡಿ, ಗುಲಾಮರನ್ನು ಕೊಂಡು, ಊರಿಗೆ ಪ್ರಮುಖನಾದವನು. ಹೊಸ ಸಂವಿಧಾನವು ಕೇಂದ್ರಕ್ಕೆ ಅತಿಯಾದ ಬಲವನ್ನು ಕೊಡುತ್ತದೆಂದು ಅದನ್ನು ವಿರೋಧಿಸಿದವರಲ್ಲಿ ಈ ತಂದೆಯೂ ಒಬ್ಬ. ಅವನು ತೀರಿಕೊಂಡಾಗ ಮಗನಿಗೆ ಹದಿನಾಲ್ಕರ ಆಸುಪಾಸು. ಹುಡುಗನು ಓದನ್ನು ಬಿಟ್ಟು ಕೆಲಕಾಲ ಬೇಸಾಯಕ್ಕೆ ನಿಂತನು. ಸಾನಿ ಎಂಬ ಗುಲಾಮ ಹುಡುಗನೊಡನೆ ಅದೇ ಹೊಲದಲ್ಲಿ ನೇಗಿಲು ಹಿಡಿದನು. ಇಬ್ಬರೂ ಒಂದೇ ಬಿಸಿಲಿನಲ್ಲಿ ಬೆವರಿದರು. ಮುಂದೆ ಒಬ್ಬನು ಯೇಲ್ ವಿದ್ಯಾಲಯಕ್ಕೆ ಹೋಗಿ ೧೮೦೪ರಲ್ಲಿ ಪದವೀಧರನಾದನು, ವಕೀಲನಾದನು, ದೇಶದ ಉಪಾಧ್ಯಕ್ಷನಾದನು. ಇನ್ನೊಬ್ಬನು ಗುಲಾಮನಾಗಿಯೇ ಉಳಿದನು.

೧೮೧೧ರಲ್ಲಿ ಕ್ಯಾಲ್‌ಹೂನನು ಅಮೆರಿಕದ ಪ್ರತಿನಿಧಿಸಭೆಯನ್ನು ಪ್ರವೇಶಿಸಿದನು. ಅದೇ ವರುಷ ಸಂಬಂಧಿಯಾದ ಫ್ಲೋರೈಡ್ ಎಂಬ ಶ್ರೀಮಂತ ಕನ್ಯೆಯೊಡನೆ ವಿವಾಹವೂ ಆಯಿತು. ಆಗಿನ ಕ್ಯಾಲ್‌ಹೂನನನ್ನು ಕಂಡವರು ಮುಂದಿನವನನ್ನು ಗುರುತಿಸಲಾರರು. ೧೮೧೨ರಲ್ಲಿ ಬ್ರಿಟನ್ನಿನ ಮೇಲೆ ಯುದ್ಧ ಸಾರಬೇಕೆಂದು ಗರ್ಜಿಸಿದವರಲ್ಲಿ ಅವನು ಮುಂಚೂಣಿಯಲ್ಲಿದ್ದನು. ರಾಷ್ಟ್ರೀಯ ಬ್ಯಾಂಕು ಬೇಕು, ದೇಶವನ್ನು ಬೆಸೆಯುವ ರಸ್ತೆ ಕಾಲುವೆಗಳು ಬೇಕು ಎಂದನು. ಸ್ವದೇಶೀ ಕೈಗಾರಿಕೆಯ ರಕ್ಷಣೆಗೆಂದು ಆಮದು ಮಾಲಿನ ಮೇಲೆ ಹಾಕಿದ ೧೮೧೬ರ ಜಕಾತಿಯನ್ನು ಸಹ ಅವನೇ ಸಮರ್ಥಿಸಿದನು. ಅಧ್ಯಕ್ಷ ಮನ್ರೋವಿನ ಕೈಕೆಳಗೆ ಏಳು ವರುಷಕ್ಕೂ ಮಿಕ್ಕಿ ಯುದ್ಧಮಂತ್ರಿಯಾಗಿದ್ದು, ೧೮೨೫ರಲ್ಲಿ ಉಪಾಧ್ಯಕ್ಷನಾದನು.

ಅಷ್ಟರಲ್ಲಿ ಅವನ ರಾಜ್ಯದ ಪರಿಸ್ಥಿತಿ ಕೆಟ್ಟಿತ್ತು. ಸೌತ್ ಕ್ಯಾರೊಲೈನಾದ ಜೀವಾಳವೆಂದರೆ ಹತ್ತಿ. ಅದು ಇಂಗ್ಲೆಂಡಿನ ಗಿರಣಿಗಳಿಗೆ ಹೋಗುತ್ತಿತ್ತು, ಬಟ್ಟೆಬರೆ ಕಬ್ಬಿಣದ ಸಾಮಾನು ಅಲ್ಲಿಂದ ಬರುತ್ತಿತ್ತು. ಹತ್ತಿಯ ಧಾರಣೆ ಕುಸಿದಿತ್ತು. ಉತ್ತರದ ರಾಜ್ಯಗಳ ಕಾರಖಾನೆದಾರರು ಮಾತ್ರ ವಿದೇಶೀ ಮಾಲಿನ ಮೇಲೆ ಇನ್ನೂ ಹೆಚ್ಚಿನ ಜಕಾತಿಯನ್ನು ಬೇಡುತ್ತಿದ್ದರು. ೧೮೨೮ರಲ್ಲಿ ಅಂಥ ಕಾಯಿದೆಯೊಂದು ಆಯಿತು. ದಕ್ಷಿಣದವರು ಅದಕ್ಕೆ ಅಸಹ್ಯಗಳ ಜಕಾತಿಯೆಂದು ಹೆಸರಿಟ್ಟರು. ಮಾರುವಾಗ ಅಗ್ಗ, ಕೊಳ್ಳುವಾಗ ತುಟ್ಟಿ ಎಂಬುದು ಅವರ ಗೋಳು. ಈ ಗೋಳು ಪೂರಾ ಸುಳ್ಳಲ್ಲವೆಂಬುದನ್ನು ನಾವು ಒಪ್ಪತಕ್ಕದ್ದು. ಜಕಾತಿಯ ಲಾಭ ಒಂದು ಪ್ರಾಂತಕ್ಕೆ ಹೋಗಿ ಭಾರ ಇನ್ನೊಂದರ ಮೇಲೆ ಬಿದ್ದದ್ದು ನಿಜ.

ಆ ವರುಷದ ಕೊನೆಗೆ ಸೌತ್ ಕ್ಯಾರೊಲೈನಾದ ಶಾಸನಸಭೆಯು ದೀರ್ಘವಾದ ನಿವೇದನೆಯೊಂದನ್ನು ಅಚ್ಚು ಹಾಕಿಸಿತು. ಬರೆದವರ ಹೆಸರಿರಲಿಲ್ಲ. ಬರೆದವನು ದೇಶದ ಉಪಾಧ್ಯಕ್ಷನೇ! ಮೂವತ್ತು ವರುಷಗಳ ಹಿಂದೆ, ೧೭೯೮ರಲ್ಲಿ, ಸರಕಾರವನ್ನು ಟೀಕಿಸಿದವರನ್ನು ಸೆರೆಗೆ ನೂಕುವ ಕಾಯಿದೆಯಾದಾಗ ಅಂದಿನ ಉಪಾಧ್ಯಕ್ಷ ಜೆಫರ್ಸನನೂ ಅವನ ಮಿತ್ರ ಮ್ಯಾಡಿಸನನೂ ಹೀಗೆಯೇ ಹೆಸರು ಮರೆಸಿ ಕೆಂಟಕಿ ಮತ್ತು ವರ್ಜೀನಿಯಾ ರಾಜ್ಯಗಳಿಗೆ ಠರಾವುಗಳನ್ನು ಬರೆದುಕೊಟ್ಟಿದ್ದರು. ಕ್ಯಾಲ್‌ಹೂನನು ಆ ಬೀಜವನ್ನು ಮರವಾಗಿಸಿದನು.

ಅವನ ವಾದವನ್ನು ನಮ್ಮ ವ್ಯವಹಾರದ ಮಾತಿನಲ್ಲಿ ಹೇಳುವುದಾದರೆ ಹೀಗೆ. ನಾಲ್ಕಾರು ಜನ ಪಾಲುದಾರರು ಕರಾರುಪತ್ರ ಬರೆದು ಒಂದು ಹೋಟೆಲು ತೆರೆಯುತ್ತಾರೆ. ನಡೆಸಲು ಮ್ಯಾನೇಜರನನ್ನು ನೇಮಿಸುತ್ತಾರೆ. ಕೇಂದ್ರ ಸರಕಾರವು ಆ ಮ್ಯಾನೇಜರ, ರಾಜ್ಯಗಳು ಪಾಲುದಾರರು, ಸಂವಿಧಾನವೇ ಕರಾರುಪತ್ರ. ಕರಾರಿನಲ್ಲಿಲ್ಲದ ಅಧಿಕಾರವನ್ನು ಮ್ಯಾನೇಜರನು ನಡೆಸಿದರೆ ಪ್ರತಿಯೊಬ್ಬ ಪಾಲುದಾರನೂ ತನ್ನ ಮಟ್ಟಿಗೆ ಅದು ಶೂನ್ಯವೆಂದು ಸಾರಬಹುದು. ಆಗ ಮಿಕ್ಕವರು ಕೂಡಿ, ನಾಲ್ಕರಲ್ಲಿ ಮೂರು ಪಾಲಿನಷ್ಟು ರಾಜ್ಯಗಳ ಒಪ್ಪಿಗೆಯಿಂದ, ಕರಾರನ್ನೇ ತಿದ್ದಿ ಆ ಅಧಿಕಾರವನ್ನು ಕೊಡಬೇಕು. ಅಲ್ಲಿಯವರೆಗೆ ಕಾಯಿದೆಯು ಆ ರಾಜ್ಯದಲ್ಲಿ ನಿಲ್ಲುತ್ತದೆ. ಹೋಟೆಲನ್ನು ನಡೆಸಿ ಬಲ್ಲ ನಮಗೆ ಇಲ್ಲೊಂದು ಸಂದೇಹ. ಒಬ್ಬ ಪಾಲುದಾರನಿಗೆ ಅಡಿಗೆಮನೆಯನ್ನೇ ನಿಲ್ಲಿಸುವ ಹಕ್ಕಿದ್ದರೆ ಮಧ್ಯಾಹ್ನದ ಊಟ ಬಡಿಸುವುದೆಂದು? ಆಗಿನ್ನೂ ಬದುಕಿದ್ದ ವೃದ್ಧ ಮ್ಯಾಡಿಸನನೇ, ತಾವು ಬರೆದದ್ದಕ್ಕೆ ಇಂಥ ಅರ್ಥವಿಲ್ಲವೆಂದು ಸ್ಪಷ್ಟವಾಗಿ ತಿಳಿಸಿದನು.

೧೮೨೯ರಲ್ಲಿ ಅಧ್ಯಕ್ಷನಾದ ಆಂಡ್ರ್ಯೂ ಜ್ಯಾಕ್ಸನನೂ ದಕ್ಷಿಣದವನೇ, ಅವನೂ ಗುಲಾಮರ ಒಡೆಯನೇ. ಕ್ಯಾಲ್‌ಹೂನನು ಎರಡನೆಯ ಬಾರಿಗೆ ಅವನಿಗೆ ಉಪಾಧ್ಯಕ್ಷನಾಗಿದ್ದನು. ಆದರೂ ಇಬ್ಬರಿಗೂ ಕೂಡಿಬರಲಿಲ್ಲ. ಮಂತ್ರಿಯೊಬ್ಬನ ಹೆಂಡತಿಯ ಮನೆಗೆ ಶ್ರೀಮತಿ ಕ್ಯಾಲ್‌ಹೂನ್ ಹೋಗಲೊಲ್ಲೆನೆಂದದ್ದು ಸಹ ಮಂತ್ರಿಮಂಡಲವೇ ಒಡೆಯುವಷ್ಟು ದೊಡ್ಡ ಸಂಗತಿಯಾಯಿತು. ೧೮೩೦ರ ಏಪ್ರಿಲಿನಲ್ಲಿ ಜೆಫರ್ಸನನ ಜನ್ಮದಿನದ ಭೋಜನಕೂಟದಲ್ಲಿ ಜ್ಯಾಕ್ಸನನು ಎದ್ದು ನಿಂತು ಒಕ್ಕೂಟದ ರಕ್ಷಣೆಯ ಹೆಸರಿನಲ್ಲಿ ಶುಭ ಕೋರಿದನು. ಮಾತು ಯಾರನ್ನು ಉದ್ದೇಶಿಸಿದ್ದೆಂಬುದು ಎಲ್ಲರಿಗೂ ತಿಳಿಯಿತು. ಮರುಗಳಿಗೆಯಲ್ಲೇ ಕ್ಯಾಲ್‌ಹೂನನು ಎದ್ದು, ಒಕ್ಕೂಟಕ್ಕಿಂತ ಸ್ವಾತಂತ್ರ್ಯವೇ ಮೊದಲೆಂಬ ಅರ್ಥದ ಪ್ರತ್ಯುತ್ತರ ಕೊಟ್ಟನು. ಮನಸ್ತಾಪವು ಹಗೆತನವಾಯಿತು.

೧೮೩೨ರಲ್ಲಿ ಜಕಾತಿಯನ್ನು ತುಸು ಇಳಿಸಿ ಹೊಸ ಕಾಯಿದೆ ಬಂತು. ಸೌತ್ ಕ್ಯಾರೊಲೈನಾಕ್ಕೆ ಅದು ಸಾಲಲಿಲ್ಲ. ನವೆಂಬರ್ ೨೪ರಂದು ಅಲ್ಲಿ ನೆರೆದ ವಿಶೇಷ ಸಮ್ಮೇಳನವು ೧೩೬ಕ್ಕೆ ೨೬ ಮತಗಳಿಂದ, ೧೮೨೮ ಮತ್ತು ೧೮೩೨ರ ಎರಡೂ ಕಾಯಿದೆಗಳು ತನ್ನ ನೆಲದಲ್ಲಿ ಶೂನ್ಯವೆಂದೂ, ಬರುವ ಫೆಬ್ರವರಿ ೧ರಿಂದ ಜಕಾತಿ ವಸೂಲಾಗಕೂಡದೆಂದೂ, ಕೇಂದ್ರವು ಬಲಪ್ರಯೋಗ ಮಾಡಿದರೆ ತಾನು ಒಕ್ಕೂಟದಿಂದ ಹೊರಬೀಳುವುದಾಗಿಯೂ ಸಾರಿತು. ಡಿಸೆಂಬರ್ ೧೦ರಂದು ಜ್ಯಾಕ್ಸನನು ಘೋಷಣೆ ಹೊರಡಿಸಿ, ಇದು ಸಂವಿಧಾನಕ್ಕೆ ವಿರುದ್ಧ, ಶಸ್ತ್ರ ಹಿಡಿದು ಒಕ್ಕೂಟವನ್ನು ಒಡೆಯುವುದು ದೇಶದ್ರೋಹ ಎಂದು ಎಚ್ಚರಿಸಿದನು. ಡಿಸೆಂಬರ್ ೨೮ರಂದು ಕ್ಯಾಲ್‌ಹೂನನು ಉಪಾಧ್ಯಕ್ಷಪದವಿಗೆ ರಾಜೀನಾಮೆಯಿತ್ತು, ತನ್ನ ರಾಜ್ಯದ ಪರವಾಗಿ ಸೆನೆಟಿಗೆ ಬಂದು ಕುಳಿತನು. ಆ ಪದವಿಯನ್ನು ತಾನಾಗಿ ಬಿಟ್ಟವರಲ್ಲಿ ಅವನೇ ಮೊದಲಿಗ.

ಬೇರೆ ಯಾವ ರಾಜ್ಯವೂ ಸೌತ್ ಕ್ಯಾರೊಲೈನಾದ ಬೆನ್ನಿಗೆ ನಿಲ್ಲಲಿಲ್ಲ. ಒಂಟಿಯಾದ ಕ್ಯಾಲ್‌ಹೂನನು ಹೆನ್ರಿ ಕ್ಲೇ ಎಂಬ ಚತುರನೊಡನೆ ರಾಜಿಗೆ ಕುಳಿತನು. ಜಕಾತಿಯು ೧೮೪೨ರ ಹೊತ್ತಿಗೆ ನೂರಕ್ಕೆ ಇಪ್ಪತ್ತರ ಮಟ್ಟಕ್ಕೆ ಹಂತಹಂತವಾಗಿ ಇಳಿಯತಕ್ಕದ್ದೆಂದು ಗೊತ್ತಾಯಿತು. ೧೮೩೩ ಮಾರ್ಚ್ ೨ರಂದು ಜ್ಯಾಕ್ಸನನು ಈ ಕಾಯಿದೆಗೂ, ಸೈನ್ಯಬಲದಿಂದ ಜಕಾತಿ ವಸೂಲುಮಾಡುವ ಇನ್ನೊಂದು ಕಾಯಿದೆಗೂ ಒಂದೇ ದಿನ ಸಹಿ ಹಾಕಿದನು. ಸೌತ್ ಕ್ಯಾರೊಲೈನಾ ತನ್ನ ಘೋಷಣೆಯನ್ನು ಹಿಂತೆಗೆದುಕೊಂಡಿತು. ಮಾನ ಉಳಿಸಿಕೊಳ್ಳಲೋಸುಗ ಆ ಬಲಪ್ರಯೋಗದ ಕಾಯಿದೆಯನ್ನು ಶೂನ್ಯವೆಂದು ಸಾರಿತು. ಇಬ್ಬರೂ ಗೆದ್ದೆವೆಂದುಕೊಂಡರು.

ಇಲ್ಲಿಗೆ ಕಥೆ ಮುಗಿದಿದ್ದರೆ ಅದೊಂದು ಜಕಾತಿಯ ತಗಾದೆಯಾಗಿ ಉಳಿಯುತ್ತಿತ್ತು. ಆದರೆ ಕ್ಯಾಲ್‌ಹೂನನೇ ೧೮೩೦ರಲ್ಲಿ ಸ್ನೇಹಿತನೊಬ್ಬನಿಗೆ ಬರೆದ ಖಾಸಗಿ ಪತ್ರದಲ್ಲಿ ಜಕಾತಿಯು ನೆಪಮಾತ್ರ, ನಿಜವಾದ ಕಾರಣ ತಮ್ಮ ಪ್ರಾಂತದ ವಿಶಿಷ್ಟ ವ್ಯವಸ್ಥೆಯೆಂದು ಒಪ್ಪಿದ್ದನು. ವಿಶಿಷ್ಟ ವ್ಯವಸ್ಥೆಯೆಂಬುದು ಗುಲಾಮಗಿರಿಗೆ ಅವರಿಟ್ಟ ಸಭ್ಯ ನಾಮ. ಇಂದು ಜಕಾತಿಯ ವಿಷಯದಲ್ಲಿ ಕೇಂದ್ರಕ್ಕೆ ತಲೆಬಾಗಿದರೆ ನಾಳೆ ಅದು ಗುಲಾಮರನ್ನು ಬಿಡಿಸಲು ಬಂದೀತೆಂಬ ಭಯ ಅವರನ್ನು ಕಾಡುತ್ತಿತ್ತು. ಸಂಖ್ಯೆಯಲ್ಲಿ ಅಲ್ಪರಾದವರ ಹಿತವನ್ನು ಬಹುಸಂಖ್ಯಾತರು ತುಳಿಯಬಾರದು, ಅಲ್ಪರಿಗೂ ತಡೆಹಿಡಿಯುವ ಶಕ್ತಿ ಬೇಕು ಎಂಬುದು ಅವನ ಬರಹದ ಸಾರ. ಪರರಾಜ್ಯಗಳಲ್ಲಿ ಎಣಿಕೆಗೆ ಅಲ್ಪರಾಗಿ ಬಾಳುವ ನಮ್ಮಂಥವರಿಗೆ ಈ ಮಾತು ಹಿತವಾಗಿಯೇ ಕೇಳಿಸುತ್ತದೆ. ಆದುದರಿಂದಲೇ ಮುಂದಿನ ಸಂಗತಿಯನ್ನು ಬಿಡದೆ ಹೇಳಬೇಕಾಗಿದೆ.

೧೮೩೧ರ ಜುಲೈ ೨೬ರಂದು ಕ್ಯಾಲ್‌ಹೂನನು ಫೋರ್ಟ್ ಹಿಲ್ ಎಂಬ ತನ್ನ ತೋಟದ ಮನೆಯಿಂದ ಶೂನ್ಯವಾದವನ್ನು ಮೊದಲ ಸಲ ಸ್ವಂತ ಹೆಸರಿನಲ್ಲಿ ಪ್ರಕಟಿಸಿದನು. ಅಲ್ಪರ ರಕ್ಷಣೆಯ ಆ ಪ್ರಖ್ಯಾತ ಬರಹ ಹೊರಬಿದ್ದು ತಿಂಗಳು ಕಳೆಯುವಷ್ಟರಲ್ಲಿ ಅದೇ ಮನೆಯ ಆಲೆಕ್ ಎಂಬ ಆಳು ಓಡಿಹೋದನು. ಅವನು ಅಬೆವಿಲ್ ಊರಿನಲ್ಲಿ ಸಿಕ್ಕಿಬಿದ್ದಾಗ ಒಡೆಯನು ನೆಂಟನಿಗೆ ಪತ್ರ ಬರೆದನು: ಆಲೆಕನನ್ನು ಒಂದು ವಾರ ಸೆರೆಮನೆಯಲ್ಲಿಟ್ಟು ರೊಟ್ಟಿ ನೀರು ಮಾತ್ರ ಕೊಡಿಸತಕ್ಕದ್ದು, ವಾರದ ಕೊನೆಗೆ ಯಾರನ್ನಾದರೂ ಗೊತ್ತುಮಾಡಿ ಮೂವತ್ತು ಛಡಿಯೇಟುಗಳನ್ನು ಬಲವಾಗಿ ಹಾಕಿಸತಕ್ಕದ್ದು. ಆಲೆಕನ ಗುಣದೋಷಗಳ ವಿಚಾರವಾಗಲಿ ಓಡಿಹೋದ ಕಾರಣವಾಗಲಿ ಅಲ್ಲಿ ಮುಖ್ಯವಾಗಲಿಲ್ಲ. ಅಂದು ಸೌತ್ ಕ್ಯಾರೊಲೈನಾದ ಜನಸಂಖ್ಯೆಯಲ್ಲಿ ಅರ್ಧಕ್ಕಿಂತ ಹೆಚ್ಚು ಗುಲಾಮರು. ಅಲ್ಪಸಂಖ್ಯಾತರೆಂದು ಕ್ಯಾಲ್‌ಹೂನನು ಮರುಗಿದ್ದು ಅವರ ಒಡೆಯರಿಗಾಗಿ.

ಮುಂದಿನ ವರುಷಗಳಲ್ಲಿ ಅವನು ಮುಚ್ಚುಮರೆಯನ್ನೂ ಬಿಟ್ಟನು. ಗುಲಾಮಗಿರಿಯು ಅನಿವಾರ್ಯವಾದ ಕೇಡೆಂದು ಹಿಂದಿನ ಧುರೀಣರು ನಾಚಿ ಹೇಳುತ್ತಿದ್ದರೆ, ೧೮೩೭ರಲ್ಲಿ ಇವನು ಸೆನೆಟಿನಲ್ಲಿ ನಿಂತು ಅದು ಇಬ್ಬರಿಗೂ ಒಳಿತೆಂದು ವಾದಿಸಿದನು. ೧೮೪೪ರಲ್ಲಿ ವಿದೇಶಮಂತ್ರಿಯಾಗಿ ಟೆಕ್ಸಾಸನ್ನು ಅಮೆರಿಕಕ್ಕೆ ಸೇರಿಸಲು ದುಡಿದನು. ೧೮೫೦ರ ಮಾರ್ಚ್ ೪ರಂದು ಕ್ಷಯರೋಗದಿಂದ ಜರ್ಜರಿತನಾಗಿ, ನಿಲುವಂಗಿ ಸುತ್ತಿಕೊಂಡು ಸೆನೆಟಿನಲ್ಲಿ ಕುಳಿತಿದ್ದನು. ಅವನ ಕೊನೆಯ ಭಾಷಣವನ್ನು ವರ್ಜೀನಿಯಾದ ಸದಸ್ಯನೊಬ್ಬನು ಓದಿದನು. ಆ ತಿಂಗಳ ೩೧ರಂದು ವಾಷಿಂಗ್‌ಟನ್ನಿನಲ್ಲಿ ತೀರಿಕೊಂಡನು.

ಅವನ ವಾದವು ಸಾಯಲಿಲ್ಲ, ಕೈ ಬದಲಾಯಿಸಿತು. ಓಡಿಹೋದ ಗುಲಾಮರನ್ನು ಹಿಡಿದೊಪ್ಪಿಸಬೇಕೆಂದು ಅದೇ ವರುಷ ಕೇಂದ್ರವು ಕಠಿಣ ಕಾಯಿದೆ ಮಾಡಿದಾಗ ಅದನ್ನು ಧಿಕ್ಕರಿಸಿದ್ದು ಉತ್ತರದ ರಾಜ್ಯಗಳು. ವಿಸ್ಕಾನ್ಸಿನ್ ರಾಜ್ಯದ ಉಚ್ಚ ನ್ಯಾಯಾಲಯವು ಆ ಕಾಯಿದೆ ನಡೆಯತಕ್ಕದ್ದಲ್ಲವೆಂದಿತು; ದೇಶದ ಸುಪ್ರೀಂ ಕೋರ್ಟು ೧೮೫೯ರಲ್ಲಿ ಆ ತೀರ್ಪನ್ನು ತಳ್ಳಿಹಾಕಿತು. ೧೮೬೦ರ ಡಿಸೆಂಬರಿನಲ್ಲಿ ಒಕ್ಕೂಟವನ್ನು ಬಿಟ್ಟ ಸೌತ್ ಕ್ಯಾರೊಲೈನಾ, ಉತ್ತರದವರು ಕೇಂದ್ರದ ಕಾಯಿದೆಯನ್ನು ಶೂನ್ಯಗೊಳಿಸಿದ್ದನ್ನೇ ತನ್ನ ದೂರುಗಳಲ್ಲಿ ಬರೆಯಿತು! ತರುವಾಯದ ಯುದ್ಧದಲ್ಲಿ ಆರು ಲಕ್ಷಕ್ಕೂ ಮಿಕ್ಕಿದ ಜನ ಸತ್ತರು, ಗುಲಾಮಗಿರಿ ಹೋಯಿತು. ೧೯೫೬ರಲ್ಲಿ, ಕರಿಯ ಬಿಳಿಯ ಮಕ್ಕಳು ಒಂದೇ ಶಾಲೆಯಲ್ಲಿ ಕೂರಬೇಕೆಂಬ ತೀರ್ಪನ್ನು ತಡೆಯಲು ದಕ್ಷಿಣದ ಶಾಸನಸಭೆಗಳು ಅದೇ ಹಳೆಯ ಆಯುಧವನ್ನು ಹೊರತೆಗೆದುವು. ೧೯೫೮ರಲ್ಲಿ ಸುಪ್ರೀಂ ಕೋರ್ಟು ಒಮ್ಮತದಿಂದ ಅದು ಸಲ್ಲದೆಂದಿತು.

ನಮ್ಮ ಕನ್ನಡನಾಡೂ ಇದಕ್ಕೆ ಹೊರತಾಗಲಿಲ್ಲ. ಕಾವೇರಿ ನ್ಯಾಯಮಂಡಳಿಯ ಮಧ್ಯಂತರ ಆದೇಶವನ್ನು ಬದಿಗೊತ್ತಲು ಕರ್ನಾಟಕವು ೧೯೯೧ರ ಜುಲೈ ೨೫ರಂದು ಸುಗ್ರೀವಾಜ್ಞೆ ಹೊರಡಿಸಿತು. ನವೆಂಬರ್ ೨೨ರಂದು ಸುಪ್ರೀಂ ಕೋರ್ಟು ಅದು ರಾಜ್ಯದ ಅಧಿಕಾರಕ್ಕೆ ಮೀರಿದ್ದೆಂದು ಅಭಿಪ್ರಾಯವಿತ್ತಿತು. ಆ ಡಿಸೆಂಬರಿನ ದಿನಗಳನ್ನು ಮದರಾಸಿನಲ್ಲಿದ್ದ ನಮ್ಮ ಹಿರಿಯ ವಾಚಕರು ಮರೆತಿರಲಾರರು. ಆದರೆ ನೀರಿನ ಪಾಲು ಕೇಳುವುದೂ ಮನುಷ್ಯರ ಒಡೆತನ ಕೇಳುವುದೂ ಒಂದೇ ತಕ್ಕಡಿಯಲ್ಲಿ ತೂಗುವ ವಸ್ತುಗಳಲ್ಲವೆಂಬುದೂ ನಮಗೆ ತಿಳಿದಿದೆ.

ಕ್ಯಾಲ್‌ಹೂನನ ಹೆಸರಿದ್ದ ಕಾಲೇಜಿಗೆ ಅವನು ಓದಿದ ಯೇಲ್ ವಿದ್ಯಾಲಯವೇ ೨೦೧೭ರಲ್ಲಿ ಬೇರೆ ಹೆಸರಿಟ್ಟಿತು. ಚಾರ್ಲ್‌ಸ್ಟನ್ ಪಟ್ಟಣದ ಚೌಕದಲ್ಲಿ ಎತ್ತರದ ಕಂಬದ ಮೇಲೆ ನಿಂತಿದ್ದ ಅವನ ಮೂರ್ತಿಯನ್ನು ೨೦೨೦ರ ಜೂನಿನಲ್ಲಿ, ನಗರಸಭೆಯ ಸರ್ವಾನುಮತದ ಠರಾವಿನ ಮೇರೆಗೆ, ಕ್ರೇನು ತಂದು ಇಳಿಸಿದರು.