ಶ್ರೀ ರಾಮಾನುಜಾಚಾರ್ಯರೂ ಅಷ್ಟಾಕ್ಷರೀ ಮಂತ್ರವೂ

ಮನನ ಮಾಡುವವನನ್ನು ಯಾವುದು ಕಾಪಾಡುವುದೋ ಅದೇ ಮಂತ್ರವೆಂದು ಹಿರಿಯರು ಆ ಶಬ್ದಕ್ಕೆ ಅರ್ಥ ಹೇಳಿರುವರು. ಕಾಪಾಡುವ ಮಾತಾದ ಮೇಲೆ ಅದನ್ನು ಗುಟ್ಟಾಗಿ ಇಟ್ಟುಕೊಳ್ಳುವುದು ಏತಕ್ಕೆ? ಈ ಪ್ರಶ್ನೆಗೆ ಗುರುವಿನ ಆಜ್ಞೆಯನ್ನು ಮೀರಿ, ನರಕಭಯವನ್ನೂ ಲೆಕ್ಕಿಸದೆ ಉತ್ತರವಿತ್ತ ಮಹನೀಯರು ಶ್ರೀಮದ್ ರಾಮಾನುಜಾಚಾರ್ಯರು. ಆ ಘಟನೆ ನಡೆದ ತಿರುಕ್ಕೋಷ್ಟಿಯೂರು ಕಂಬಂ ಕಣಿವೆಯವರಿಗೆ ದೂರದ ಊರೇನಲ್ಲ. ಗೂಡಲೂರಿನಿಂದ ತೇನಿ, ಮಧುರೆಗಳನ್ನು ದಾಟಿ ತಿರುಪ್ಪತ್ತೂರಿನ ದಾರಿ ಹಿಡಿದರೆ ಸೌಮ್ಯನಾರಾಯಣನ ಸನ್ನಿಧಿಯನ್ನು ಸೇರಬಹುದು.

ಸಂಪ್ರದಾಯದ ಗಣನೆಯಂತೆ ಆಚಾರ್ಯರು 1017ರಲ್ಲಿ, ಚಿತ್ತಿರೆ ತಿಂಗಳ ತಿರುವಾದಿರೆಯಂದು, ಶ್ರೀಪೆರುಂಬೂದೂರಿನಲ್ಲಿ ಅವತರಿಸಿದರು. ತಂದೆ ಆಸೂರಿ ಕೇಶವ ಸೋಮಯಾಜಿ, ತಾಯಿ ಕಾಂತಿಮತಿ. ಕಂಚಿಯಲ್ಲಿ ಯಾದವಪ್ರಕಾಶರ ಬಳಿ ವೇದಾಂತವನ್ನೋದಿದರಾದರೂ ಗುರುವಿನ ವ್ಯಾಖ್ಯಾನ ಶಿಷ್ಯರ ಮನಸ್ಸಿಗೆ ಒಗ್ಗಲಿಲ್ಲ. ವರದರಾಜನಿಗೆ ಬೀಸಣಿಗೆಯ ಸೇವೆ ಸಲ್ಲಿಸುತ್ತಿದ್ದ ಕಾಂಚೀಪೂರ್ಣರನ್ನೇ ಗುರುಗಳಾಗಿ ವರಿಸಬೇಕೆಂದು ಅವರು ಹಂಬಲಿಸಿದರು. ಕಾಂಚೀಪೂರ್ಣರು ಬ್ರಾಹ್ಮಣರಲ್ಲ, ಅವರು ಅದಕ್ಕೊಪ್ಪಲಿಲ್ಲ. ಕಡೆಗೆ ಮಧುರಾಂತಕದಲ್ಲಿ ಮಹಾಪೂರ್ಣರಿಂದ ಮಂತ್ರದೀಕ್ಷೆಯಾಯಿತು. ಮುಂದೆ ಸಂನ್ಯಾಸವನ್ನು ಸ್ವೀಕರಿಸಿ ಶ್ರೀರಂಗಕ್ಕೆ ಬಂದರು.

ಇಲ್ಲಿ ಗಮನಿಸತಕ್ಕ ಒಂದು ಸಂಗತಿಯುಂಟು. ಮಂತ್ರದ ಎಂಟು ಅಕ್ಷರಗಳು ಆಚಾರ್ಯರಿಗೆ ಆಗಲೇ ದೊರೆತಿದ್ದವು. ದೊರೆಯದೆ ಇದ್ದುದು ಅದರ ರಹಸ್ಯಾರ್ಥ. ಅದನ್ನು ಬಲ್ಲವರು ತಿರುಕ್ಕೋಷ್ಟಿಯೂರಿನ ಗೋಷ್ಠೀಪೂರ್ಣರೆಂದು ಮಹಾಪೂರ್ಣರು ತಿಳಿಸಿದರು. ಶ್ರೀರಂಗದಿಂದ ಆ ಊರಿಗೆ ಸುಮಾರು 100 ಕಿಲೋಮೀಟರ್ ದೂರ. ಆಚಾರ್ಯರು ಹದಿನೆಂಟು ಸಲ ಹೋದರೆಂದು ಗುರುಪರಂಪರೆಯ ವೃತ್ತಾಂತ. ಹೋಗಿಬರುವ ದಾರಿಯನ್ನು ಕೂಡಿಸಿದರೆ 3,600 ಕಿಲೋಮೀಟರ್ ಆಗುವುದು, ಅದೂ ಕಾಲ್ನಡಿಗೆಯಲ್ಲಿ! ಪ್ರತಿಸಲವೂ ಗೋಷ್ಠೀಪೂರ್ಣರು ಇನ್ನೂ ಕಾಲ ಬಂದಿಲ್ಲವೆಂದು ಹಿಂದಕ್ಕೆ ಕಳುಹಿಸುತ್ತಿದ್ದರು. ಕಟ್ಟಕಡೆಗೆ ದಂಡ ಪವಿತ್ರಗಳೊಡನೆ ಒಬ್ಬರೇ ಬರತಕ್ಕುದೆಂದು ಹೇಳಿಕಳುಹಿಸಿದರು. ಆಚಾರ್ಯರು ದಾಶರಥಿಯನ್ನೂ ಕೂರೇಶರನ್ನೂ ಜೊತೆಗೆ ಕರೆದೊಯ್ದರು. ಕೇಳಿದಾಗ, ದಾಶರಥಿಯೇ ತಮ್ಮ ದಂಡವೆಂದೂ ಕೂರೇಶರೇ ತಮ್ಮ ಪವಿತ್ರವೆಂದೂ ವಿನಯದಿಂದ ಅರಿಕೆಮಾಡಿದರು. ಗೋಷ್ಠೀಪೂರ್ಣರು ಈ ಇಬ್ಬರ ಹೊರತು ಮತ್ತಾರಿಗೂ ಹೇಳಕೂಡದೆಂದು ಕಟ್ಟುಮಾಡಿ ಅರ್ಥವನ್ನು ಉಪದೇಶಿಸಿದರು.

ಆ ಅರ್ಥವಾದರೂ ಏನು? ಓಂ, ನಮಃ, ನಾರಾಯಣಾಯ ಎಂದು ಮಂತ್ರಕ್ಕೆ ಮೂರು ಪದಗಳು. ಪ್ರಣವದಲ್ಲಿ ಅಕಾರವು ಭಗವಂತನನ್ನೂ ಮಕಾರವು ಜೀವನನ್ನೂ ಸೂಚಿಸುವುವು. ನಡುವಣ ಉಕಾರವು ಈ ಜೀವ ಅವನಿಗೇ ಸೇರಿದವನು, ಅನ್ಯರಿಗಲ್ಲ ಎಂದು ನಿಶ್ಚಯಿಸುವುದು. ನಮಃ ಎಂಬುದನ್ನು ಬಿಡಿಸಿದರೆ ನನ್ನದಲ್ಲ ಎಂದಾಗುವುದು. ಪಟ್ಟಾ ತನ್ನ ಹೆಸರಿನಲ್ಲಿದೆಯೆಂದು ನಂಬಿಕೊಂಡು ಉತ್ತು ಬಿತ್ತಿದವನಿಗೆ ಭೂಮಿಯೂ ಬೆಳೆಯೂ ಕಡೆಗೆ ಉಳುವ ತಾನೂ ಮತ್ತೊಬ್ಬನ ಸೊತ್ತೆಂದು ತಿಳಿದುಬಂದಂತೆ ಇದು. ನಾರಾಯಣಾಯ ಎಂಬ ಚತುರ್ಥೀ ವಿಭಕ್ತಿಯಿಂದ ಅವನಿಗಾಗಿ ಮಾಡುವ ಕೈಂಕರ್ಯವು ಸೂಚಿತವಾಗಿದೆ. ವ್ಯಾಜ್ಯ ಗೆಲ್ಲಲೆಂದೂ ಫಸಲು ಹೆಚ್ಚಲೆಂದೂ ಸಾವಿರದ ಲೆಕ್ಕದಲ್ಲಿ ಜಪ ಮಾಡುವವರುಂಟು, ಅದನ್ನು ಹಳಿಯಬೇಕಾಗಿಲ್ಲ. ಆದರೆ ನನ್ನದಲ್ಲ ಎಂಬ ಮಾತಿನಿಂದಲೇ ನನಗೆ ಬೇಕೆಂದು ಕೇಳುವುದು ವಿಚಿತ್ರವೇ ಸರಿ.

ಮರುದಿನ ನಡೆದುದು ಜಗದ್ವಿದಿತ. ಆಚಾರ್ಯರು ಗೋಪುರವನ್ನೇರಿ ಊರಿಗೆಲ್ಲ ಕೇಳುವಂತೆ ಮಂತ್ರವನ್ನು ಸಾರಿದರೆಂಬುದು ಜನಜನಿತವಾದ ಕಥೆ. ಹಳೆಯ ವೃತ್ತಾಂತವು ದೇವಾಲಯದೊಳಗೆ, ನರಸಿಂಹನ ಸನ್ನಿಧಿಯಲ್ಲಿ, ನೆರೆದಿದ್ದ ವೈಷ್ಣವರಿಗೆಲ್ಲ ಅರ್ಥವನ್ನು ಬೋಧಿಸಿದರೆಂದು ಹೇಳುವುದು. ಎತ್ತರ ಯಾವುದಾದರೇನು, ಆಜ್ಞೆ ಮುರಿದುದು ನಿಜ. ಗೋಷ್ಠೀಪೂರ್ಣರು ಕರೆಯಿಸಿ, ಗುರುದ್ರೋಹಕ್ಕೆ ಫಲವೇನೆಂದು ಕೇಳಿದರು. ನರಕವೆಂದು ಆಚಾರ್ಯರು ತಾವೇ ಒಪ್ಪಿಕೊಂಡು, ಇಷ್ಟು ಜನ ಉದ್ಧಾರವಾಗುವುದಾದರೆ ತಾನೊಬ್ಬನು ಅಲ್ಲಿಗೆ ಹೋಗುವುದು ಮೇಲೆಂದು ನಿವೇದಿಸಿದರು. ನನ್ನದಲ್ಲ ಎಂಬ ಪದವನ್ನು ಈ ಶಿಷ್ಯನು ತನಗಿಂತ ಚೆನ್ನಾಗಿ ಅರಿತಿರುವನೆಂದು ಗುರುವಿಗೆ ಹೊಳೆದಿರಬೇಕು. ಅವರು ಆಚಾರ್ಯರನ್ನು ಅಪ್ಪಿಕೊಂಡು ಎಂಬೆರುಮಾನಾರ್ ಎಂದು ಕರೆದರು.

ಹಾಗೆಂದು ಆಚಾರ್ಯರು ರಹಸ್ಯಾರ್ಥವನ್ನು ಯೋಗ್ಯತೆ ನೋಡದೆ ಹಂಚಿದವರಲ್ಲ. ಸ್ವಂತ ಸೋದರಳಿಯನಾದ ದಾಶರಥಿಯು ಚರಮಶ್ಲೋಕದ ಅರ್ಥವನ್ನು ಬೇಡಿದಾಗ ಗೋಷ್ಠೀಪೂರ್ಣರಲ್ಲಿಗೇ ಅಟ್ಟಿದರು. ಆರು ತಿಂಗಳು ಬಾಗಿಲು ಕಾದರೂ ಕುಲ ವಿದ್ಯೆಗಳ ಗರ್ವವನ್ನು ಬಿಟ್ಟುಬಾರೆಂಬ ಮಾತಷ್ಟೇ ದೊರೆಯಿತು. ಆಮೇಲೆ ಮಹಾಪೂರ್ಣರ ಮಗಳು ಅತ್ತುಳಾಯಿಯ ಅತ್ತೆಯ ಮನೆಯಲ್ಲಿ ಆ ಮಹಾವಿದ್ವಾಂಸನು ಅಡುಗೆಯವನಾಗಿ ನೀರು ಹೊತ್ತು, ಸೌದೆ ಒಡೆದನು. ಅರ್ಥವು ದಕ್ಕಿದುದು ಆ ಬಳಿಕ. ಈ ಕಾಲದಲ್ಲಿ ಮೊಬೈಲನ್ನು ಒತ್ತಿದರೆ ಮಂತ್ರದ ನಾದವು ನೂರೆಂಟು ಸಲ ಕೇಳಿಸುವುದು. ಸೌದೆ ಒಡೆಯುವ ಭಾಗವು ಮಾತ್ರ ಅದರಲ್ಲಿಲ್ಲ.

ಚೋಳರಾಜನ ಉಪದ್ರವದಿಂದ ಆಚಾರ್ಯರು ಶ್ರೀರಂಗವನ್ನು ಬಿಟ್ಟು ಕನ್ನಡನಾಡಿಗೆ ಬರಬೇಕಾಯಿತೆಂದು ಸಂಪ್ರದಾಯ. ಅವರ ಬದಲು ರಾಜಸಭೆಗೆ ಹೋದ ಕೂರೇಶರು ಕಣ್ಣುಗಳನ್ನು ಕಳೆದುಕೊಂಡರು. ಮೈಸೂರು ಸೀಮೆಯ ಸಾಲಿಗ್ರಾಮದಲ್ಲಿ ವಡುಗನಂಬಿ ಶಿಷ್ಯರಾಗಿ ದೊರೆತರು. ಅವರಿಗೆ ಗುರುವಿನ ಹೆಸರೇ ಮಂತ್ರ. ಮುಂದೆ ಶ್ರೀರಂಗದಲ್ಲಿ ಗುರುವಿಗೆಂದು ಹಾಲು ಕಾಯಿಸುತ್ತಿದ್ದಾಗ ರಂಗನಾಥನ ಉತ್ಸವವೇ ಬಾಗಿಲಿಗೆ ಬಂದರೂ ಅವರು ಹೊರಗೆ ಬರಲಿಲ್ಲ. ನಿಮ್ಮ ದೇವರನ್ನು ನೋಡಲು ಹೋದರೆ ನಮ್ಮ ದೇವರ ಹಾಲು ಉಕ್ಕಿಹೋಗುವುದೆಂದರಂತೆ.

ಹೊಯ್ಸಳ ವಿಷ್ಣುವರ್ಧನನ ಆಶ್ರಯದಲ್ಲಿ ತೊಂಡನೂರಿನಲ್ಲಿದ್ದು, ಬಳಿಕ ಮೇಲುಕೋಟೆಯಲ್ಲಿ ಚೆಲುವನಾರಾಯಣನ ಪೂಜೆಯನ್ನು ನೆಲೆಗೊಳಿಸಿದರು. ಅಸ್ಪೃಶ್ಯರೆನಿಸಿದ್ದವರಿಗೆ ತಿರುಕುಲದವರೆಂದು ಹೆಸರಿಟ್ಟು, ವರ್ಷದಲ್ಲಿ ಕೆಲವು ದಿನ ದೇವಾಲಯಪ್ರವೇಶಕ್ಕೆ ಅವಕಾಶ ಮಾಡಿದರು. ಕೆಲವೇ ದಿನ, ಅದಕ್ಕಿಂತ ಮುಂದೆ ಹೋಗಲು ನಾಡಿಗೆ ಎಂಟು ನೂರು ವರ್ಷಗಳು ಬೇಕಾದುವು. ತಿರುಕ್ಕೋಷ್ಟಿಯೂರಿನ ನೆರೆಯಲ್ಲಿಯೇ ಇರುವ ಮಧುರೆಯ ಮೀನಾಕ್ಷಿಯ ಬಾಗಿಲು ಅವರಿಗೆ ತೆರೆದುದು 1939ನೆಯ ಜುಲೈ 8ರಂದು.

ಹನ್ನೆರಡು ವರ್ಷಗಳ ಬಳಿಕ ಆಚಾರ್ಯರು ಶ್ರೀರಂಗಕ್ಕೆ ಹಿಂದಿರುಗಿ, ಸಂಪ್ರದಾಯದಂತೆ 1137ರಲ್ಲಿ, ನೂರಿಪ್ಪತ್ತನೆಯ ವಯಸ್ಸಿನಲ್ಲಿ ಪರಮಪದವನ್ನೈದಿದರು. ಮೇಲುಕೋಟೆಯನ್ನು ಬಿಡುವಾಗ ಅಗಲಿರಲಾರದ ಶಿಷ್ಯರು ಅವರದೊಂದು ವಿಗ್ರಹವನ್ನು ಮಾಡಿಸಿ ಉಳಿಸಿಕೊಂಡರು. ಅದು ಇಂದಿಗೂ ಅಲ್ಲಿ ಪೂಜೆಗೊಳ್ಳುತ್ತಿದೆ. ಕನ್ನಡನಾಡಿನ ಆ ವಿಗ್ರಹಕ್ಕೆ ತಮರುಗಂದ ತಿರುಮೇನಿ ಎಂಬ ತಮಿಳು ಹೆಸರು. ಮನೆಯಲ್ಲಿ ಕನ್ನಡವನ್ನೂ ಬೀದಿಯಲ್ಲಿ ತಮಿಳನ್ನೂ ಆಡುವ ಈ ಕಣಿವೆಯ ಭಕ್ತರಿಗೆ ಆ ಹೆಸರಿನ ಅರ್ಥವನ್ನು ಬಿಡಿಸಿಹೇಳಬೇಕಾಗಿಲ್ಲ.