ಕಿವಿ ಕೇಳದ ಮಾತುಗಾರ ಬಾಲಣ್ಣ

‘ಬಂಗಾರದ ಮನುಷ್ಯ’ ಚಿತ್ರದ ರಾಚೂಟಪ್ಪನನ್ನು ಮರೆತವರು ನಮ್ಮ ಹಳ್ಳಿಗಳಲ್ಲಿ ಸಿಗುವುದು ಅಪರೂಪ. 1972ರಲ್ಲಿ ಬಂದ ಆ ಚಿತ್ರ ನೋಡಿ, ನಮ್ಮೂರ ಗೌಡರೇ ತೆರೆ ಮೇಲೆ ಬಂದವ್ರೆ ಅಂತ ಅಂದುಕೊಂಡವರೆಷ್ಟೋ! ಆ ಪಾತ್ರ ಮಾಡಿದ ಟಿ. ಎನ್. ಬಾಲಕೃಷ್ಣರವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ ಎಂದರೆ ಈಗಲೂ ಹಲವರು ನಂಬುವುದಿಲ್ಲ.

1911ರಲ್ಲಿ ಅರಸೀಕೆರೆಯ ಬಡ ಮನೆಯಲ್ಲಿ ಹುಟ್ಟಿದ ಬಾಲಣ್ಣನವರು ಪಳಗಿದ್ದು ನಾಟಕ ಕಂಪನಿಗಳಲ್ಲಿ. ಎದುರಿನವನ ಮಾತು ಮುಗಿದ ಕೂಡಲೇ ಉತ್ತರ ಬರಬೇಕು, ಕ್ಷಣ ತಡವಾದರೂ ಜನ ಶಿಳ್ಳೆ ಹಾಕುತ್ತಾರೆ. ಬಾಲಣ್ಣನವರು ತುಟಿಯ ಚಲನೆ ನೋಡಿಕೊಂಡೇ ಮಾತು ಹಿಡಿಯುತ್ತಿದ್ದರು. 1943ರ ‘ರಾಧಾರಮಣ’ದಿಂದ ಚಿತ್ರರಂಗಕ್ಕೆ ಬಂದು ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ಖಳನಾಗಿ ಬೈಸಿಕೊಂಡರು, ನರಸಿಂಹರಾಜುರವರ ಜೊತೆ ನಗಿಸಿದರು, ಮುದುಕನಾಗಿ ಅಳಿಸಿದರು. ಒಂದೇ ಪಾತ್ರದಲ್ಲಿ ಕೇಡಿಗತನವನ್ನೂ ಹಾಸ್ಯವನ್ನೂ ಬೆರೆಸುವುದರಲ್ಲಿ ಅವರಿಗೆ ಸಾಟಿ ಇರಲಿಲ್ಲ ಎಂಬುದು ನನ್ನ ಅಭಿಪ್ರಾಯ.

ಸಹಕಾರ ಸಂಘದ ಸಂಚಿಕೆಯಲ್ಲಿ ನಟನ ವಿಷಯ ಯಾಕಪ್ಪಾ ಅಂತ ಕೇಳುವವರು ಇದನ್ನು ಓದಬೇಕು. 1950ರ ದಶಕದ ಕೊನೆಯಲ್ಲಿ ಕನ್ನಡ ಚಿತ್ರಗಳೇ ಕಡಿಮೆ, ಕಲಾವಿದರಿಗೆ ಕೆಲಸವಿಲ್ಲ. ಆಗ ರಾಜ್‌ಕುಮಾರ್, ನರಸಿಂಹರಾಜು, ಜಿ. ವಿ. ಅಯ್ಯರ್ ಮತ್ತು ಬಾಲಣ್ಣನವರು ಸೇರಿ ಕಲಾವಿದರ ಸಂಘ ಕಟ್ಟಿದರು. ಊರೂರು ತಿರುಗಿ ನಾಟಕವಾಡಿದರು. ಸಂಘದಿಂದಲೇ 1960ರಲ್ಲಿ ‘ರಣಧೀರ ಕಂಠೀರವ’ ತೆಗೆದರು. ಒಬ್ಬೊಬ್ಬರ ಕೈಲಿ ಆಗದ ಕೆಲಸ ಅದು, ಚಿತ್ರ ಗೆದ್ದಿತು.

ಆದರೆ ಮುಂದೆ ಅವರು ಹೆಚ್ಚುಕಡಿಮೆ ಒಂಟಿಯಾಗಿಯೇ ಒಂದು ದೊಡ್ಡ ಭಾರ ಹೊತ್ತರು. ಆ ಕಾಲದಲ್ಲಿ ಕನ್ನಡ ಚಿತ್ರಗಳ ಚಿತ್ರೀಕರಣವೆಲ್ಲ ಹೆಚ್ಚಾಗಿ ಮದ್ರಾಸಿನಲ್ಲೇ. ನಮ್ಮ ನೆಲದಲ್ಲೇ ಒಂದು ಸ್ಟುಡಿಯೋ ಇರಲಿ ಎಂದು 1960ರ ದಶಕದಲ್ಲಿ ಬೆಂಗಳೂರಿನ ಕೆಂಗೇರಿ ಬಳಿ, ಸರ್ಕಾರ ಕೊಟ್ಟ 20 ಎಕರೆ ಜಾಗದಲ್ಲಿ ‘ಅಭಿಮಾನ್ ಸ್ಟುಡಿಯೋ’ ಕಟ್ಟಲು ಹೊರಟರು. ನಟಿಸಿ ಗಳಿಸಿದ್ದನ್ನೆಲ್ಲ ಅದಕ್ಕೇ ಸುರಿದರು. ಸಾಲ ಬೆಳೆಯಿತೇ ಹೊರತು ಸ್ಟುಡಿಯೋ ಅವರು ಎಣಿಸಿದಂತೆ ಬೆಳೆಯಲಿಲ್ಲ. ಆ ಸಾಲದ ಹೊರೆಯಲ್ಲೂ ವಯಸ್ಸಾದ ಮೇಲೂ ಬಣ್ಣ ಹಚ್ಚುತ್ತಲೇ ಇದ್ದರು. 1995ರ ಜುಲೈನಲ್ಲಿ ತೀರಿಕೊಂಡರು.

2009ರ ಡಿಸೆಂಬರಿನಲ್ಲಿ ವಿಷ್ಣುವರ್ಧನ್‌ರವರ ಅಂತ್ಯಕ್ರಿಯೆ ನಡೆದದ್ದು ಅದೇ ಜಾಗದಲ್ಲಿ. ಅಂದು ಟಿ.ವಿ. ಮುಂದೆ ಕೂತು ಕಣ್ಣೀರು ಹಾಕಿದ ಎಷ್ಟೋ ಹುಡುಗರಿಗೆ ಆ ಸ್ಟುಡಿಯೋ ಕಟ್ಟಿದವರು ರಾಚೂಟಪ್ಪನೇ ಅನ್ನೋದು ಗೊತ್ತಿರಲಿಲ್ಲ.